ಬಾಗಿದವಳಿಗೆ ಉತ್ತರ

ಬೆಳಿಗ್ಗೆ ಎದ್ದ ಕೂಡಲೇ ನೊರುಕಾ ಅತ್ತೆಯ ಮುಖ ಹೇಳಿದಳು.

“ಇವತ್ತು ಒಣ ಅಂಜೂರದ ಥರ ಇದ್ದೀರಿ ಅತ್ತೆ. ಆದ್ರೆ ಒಳ್ಳೇ ಅಂಜೂರ. ಹುಳ ಬಿದ್ದಿಲ್ಲ.”

ಬೇರೆ ದಿನವಾಗಿದ್ದರೆ ವೆಶ್ಮಿ ಕೈ ಚಾಚಿ ಸೊಸೆಯ ಮುಖ ತಡವಿ, ‘ನೀನೋ, ಮೇಕೆ ಅರ್ಧ ತಿಂದು ಬಿಟ್ಟ ರೊಟ್ಟಿ’ ಎಂದು ತಿರುಗಿಸಿ ಕೊಡುತ್ತಿದ್ದಳು. ಓರ್ಸಾ ಬೆಟ್ಟದ ಮನೆಗಳಲ್ಲಿ ದಿನ ಶುರುವಾಗುವುದೇ ಹಾಗೆ. ಅಲ್ಲಿ ತಮ್ಮ ಮುಖವನ್ನು ತಾವೇ ಸರಿಯಾಗಿ ನೋಡಿಕೊಂಡವರು ಯಾರೂ ಇಲ್ಲ. ನೀರಿನ ಮಡಕೆಗಳಿಗೆ ಕೊಕ್ಕರೆಯ ಕತ್ತಿನಷ್ಟು ಸಪೂರ ಕಂಠ. ಕುಡಿಯುವುದು ಜೊಂಡಿನ ಕೊಳವೆಯಿಂದ. ಬಾವಿಗೆ ಕಲ್ಲಿನ ಮುಚ್ಚಳ. ಚಾಕುಗಳನ್ನೂ ಹೊಗೆಗೆ ಹಿಡಿದು ಕಪ್ಪು ಮಾಡಿಟ್ಟಿರುತ್ತಾರೆ. ಎದುರಿಗಿರುವವರ ಕಣ್ಣಿನಲ್ಲಿ ಸಾಸಿವೆಯಷ್ಟು ಕಾಣುವ ತನ್ನನ್ನು ಬಿಟ್ಟರೆ, ಒಬ್ಬರ ಮುಖ ಹೇಗಿದೆಯೆಂದು ಇನ್ನೊಬ್ಬರೇ ಹೇಳಬೇಕು. ತಮಾಷೆಗೆ ಏನು ಬೇಕಾದರೂ ಹೇಳಬಹುದು, ನಿಜವಾಗಿ ಕೆಟ್ಟದ್ದಿದ್ದರೆ ಮಾತ್ರ ಹೇಳುವಂತಿಲ್ಲ. ವೆಶ್ಮಿಯ ಗಂಡ ಸಾಯುವ ದಿನ ಅಕ್ಕಪಕ್ಕದವರೆಲ್ಲ ಬಂದು, ‘ಗಲ್ಲ ಕೆಂಪಗಿದೆ ಕಣಯ್ಯಾ, ಮದುಮಗ ಇದ್ದ ಹಾಗಿದ್ದೀಯ’ ಎಂದಿದ್ದರು. ಅವನು ನಂಬಿ, ನಗುತ್ತಲೇ ಹೋದ.

ಇವತ್ತು ವೆಶ್ಮಿ ಬಲಗಣ್ಣಿಗೆ ಕಟ್ಟಿದ್ದ ಬಟ್ಟೆಯ ಗಂಟು ಮುಟ್ಟಿ ನೋಡಿಕೊಂಡಳು.

“ಬಾಗಿಲು ಹಾಕಿದ್ಯಾ?”

“ಹಾಕಿದೀನಿ ಅತ್ತೆ.”

“ಮಗು ಕೊಡು.”

ನೊರುಕಾ ಇಲೂವನ್ನು ಅತ್ತೆಯ ತೊಡೆಯ ಮೇಲಿಟ್ಟಳು. ವೆಶ್ಮಿ ಬಟ್ಟೆ ಸರಿಸಿ ಬಲಗಣ್ಣಿನಿಂದ ಮೊಮ್ಮಗಳನ್ನು ನೋಡಿದಳು. ಮೂಗಿನ ತುದಿಯಲ್ಲಿ ಹಾಲು ಒಣಗಿತ್ತು. ಒಂದು ಹುಬ್ಬು ಇನ್ನೊಂದಕ್ಕಿಂತ ಮೇಲೆ ಇತ್ತು, ಯಾರ ಮಾತನ್ನೂ ನಂಬದವಳ ಹಾಗೆ.

ತಲೆ ನರೆಯುವ ಮೊದಲೇ ವೆಶ್ಮಿಯ ಎರಡೂ ಕಣ್ಣಿಗೆ ಪರೆ ಬಂದು, ಲೋಕವೆಲ್ಲ ಗಂಜಿಯಂತೆ ಬಿಳಿಯಾಗಿತ್ತು. ಅದಕ್ಕೆ ಒಗ್ಗಿಹೋಗಿದ್ದಳು. ಆದರೆ ಇಲೂ ಹುಟ್ಟಿದ ಮೇಲೆ ಆಸೆ ಹುಟ್ಟಿತು. ಬೇಸಿಗೆಯಲ್ಲಿ ನೊರುಕಾ ಅವಳನ್ನು ಕೆಳಗಿನ ಸಂತೆಗೆ, ಕಣ್ಣಿನ ಪರೆ ಸರಿಸುವ ಸೂಜಿಯವನ ಹತ್ತಿರ ಕರೆದುಕೊಂಡು ಹೋಗಿದ್ದಳು. ಉಣ್ಣೆ ಮಾರಲು ಹೋಗುತ್ತೇವೆ ಎಂದು ಬೆಟ್ಟದವರಿಗೆ ಹೇಳಿದ್ದರು. ಸೂಜಿಯವನು ಬಲಗಣ್ಣಿನ ಕೆಲಸ ಮುಗಿಸಿ, ಅವಳ ಗದ್ದ ಹಿಡಿದೆತ್ತಿ ಹೇಳಿದ್ದ: “ಪರೆ ತೆಗೆದಿಲ್ಲ ಅಜ್ಜಿ, ಕೆಳಗೆ ತಳ್ಳಿದೀನಿ ಅಷ್ಟೆ. ತಲೆ ತಗ್ಗಿಸ್ಬೇಡ, ಭಾರ ಹೊರ್ಬೇಡ. ಜೋರಾಗಿ ಬಗ್ಗಿದ್ಯೋ, ಮತ್ತೆ ತೇಲಿ ಮೇಲೆ ಬರುತ್ತೆ. ಆಮೇಲೆ ನನ್ನ ಬೈಬೇಡ.” ಎಡಗಣ್ಣು ಮುಂದಿನ ಬೇಸಿಗೆಗೆ ಎಂದಾಗಿತ್ತು.

ಮನೆಗೆ ಬಂದು ಮೊದಲ ಸಲ ಮಗುವನ್ನು ಹತ್ತಿರದಿಂದ ನೋಡಿದಾಗ ವೆಶ್ಮಿ ಕಿರುಚಿದ್ದಳು. “ಇದರ ಕಣ್ಣೊಳಗೆ ಯಾರೋ ಮುದುಕಿ ಕೂತಿದಾಳೆ! ನೊರುಕಾ, ಓಡಿಸೇ ಅವಳನ್ನ!” ನೊರುಕಾ ಹೊಟ್ಟೆ ಹಿಡಿದುಕೊಂಡು ನಕ್ಕಿದ್ದಳು. “ಒಂದು ಕೈ ಎತ್ತಿ ನೋಡಿ ಅತ್ತೆ.” ಎತ್ತಿದಳು. ಮುದುಕಿಯೂ ಎತ್ತಿದಳು. ಗಂಡನ ಕಣ್ಣಿನಲ್ಲಿ ಕಾಣುತ್ತಿದ್ದ ಹುಡುಗಿ ಯಾವಾಗ ಎದ್ದು ಹೋಗಿ ಇವಳು ಬಂದು ಕೂತಳೋ! ವೆಶ್ಮಿ ಅವತ್ತೆಲ್ಲ ಕೈ ಎತ್ತುತ್ತ, ಇಳಿಸುತ್ತ ಇದ್ದಳು.

ಆಗ ಅದೊಂದು ಗುಟ್ಟಾಗಿತ್ತು ಅಷ್ಟೆ, ಅಪಾಯವಾಗಿರಲಿಲ್ಲ. ಊರಿನ ಪರವಾಗಿ ಉತ್ತರ ಹೇಳುವ ಕುರುಡ ಹೋರ್ಜು ಇನ್ನೂ ಬದುಕಿದ್ದ.

ಚಳಿಗಾಲ ಕಾಲಿಟ್ಟ ಸಂಜೆಯಿಂದ ದಿನವೂ, ಸೂರ್ಯ ಮುಳುಗಿದ ಬೆನ್ನಿಗೇ, ಬೆಟ್ಟದ ಏಣಿನ ಮೇಲೆ ಬಾಗಿದವಳು ಏಳುತ್ತಾಳೆ. ನಕ್ಷತ್ರಗಳ ಹೆಂಗಸು. ಸೊಂಟ ಬಗ್ಗಿಸಿ, ಒಂದು ಕೈ ಮುಂದೆ ಚಾಚಿ, ಏನೋ ಬಿದ್ದುಹೋದದ್ದನ್ನು ಹುಡುಕುವವಳ ಹಾಗೆ. ಎದ್ದವಳು ಒಂದೇ ಪ್ರಶ್ನೆ ಕೇಳುತ್ತಾಳೆ: ನಾನು ಹೇಗಿದ್ದೇನೆ? ಊರಿನವರೆಲ್ಲ ಬಾಗಿಲು ಹಾಕಿಕೊಂಡಿರುವಾಗ ಒಬ್ಬರು ಉತ್ತರದ ಕಲ್ಲಿನ ಮೇಲೆ ಕೂತು, ಮುಖ ಮೇಲೆತ್ತಿ, ಚೆಂದ ಇದ್ದೀಯ ಎನ್ನಬೇಕು. ಆ ಒಬ್ಬರ ಕಣ್ಣು ಪೂರ್ತಿ ಬೆಳ್ಳಗಿರಬೇಕು. ಹೊಳೆಯುವ ಕಣ್ಣಿನಲ್ಲಿ ಅವಳು ತನ್ನನ್ನು ಕಂಡುಬಿಟ್ಟರೆ ಕೆಳಗಿಳಿಯುತ್ತಾಳೆ.

ಕಣಿವೆಯ ಆಚೆ ತುಲ್ಮಾರ್ ಎಂಬ ಊರಿತ್ತು. ಅಲ್ಲಿ ಉತ್ತರ ಹೇಳುವವನು ಸತ್ತ, ಬೇರೆಯವರು ಸಿಗಲಿಲ್ಲ. ಉತ್ತರ ಬಾರದೆ ಅವಳು ಇನ್ನಷ್ಟು ಬಗ್ಗಿದಳು. ಅಂಗಳದ ಕಲ್ಲುದೋಣಿಯಲ್ಲಿ ಅಕಾಲದ ಮಳೆಯ ನೀರು ನಿಂತಿತ್ತು, ಅದರಲ್ಲಿ ತನ್ನನ್ನು ಕಂಡಿರಬೇಕು. ಮಾರನೆಯ ದಿನ ಮೇಕೆ ಕಾಯುವವರು ಹೋಗಿ ನೋಡಿದಾಗ ಮನೆಗಳು ಹಾಗೇ ಇದ್ದವು. ಜನ ಊಟಕ್ಕೆ ಕೂತ ಹಾಗೇ ಇದ್ದರು. ಮುಖಗಳು ಮಾತ್ರ ಇರಲಿಲ್ಲ. ಕಣ್ಣು, ಮೂಗು, ಬಾಯಿ ಇದ್ದ ಕಡೆ ಹೊಳೆಯ ಕಲ್ಲಿನ ಹಾಗೆ ನುಣ್ಣಗೆ.

ಹೋರ್ಜು ಮೊನ್ನೆ ನಿದ್ದೆಯಲ್ಲೇ ತೀರಿಕೊಂಡ. ಊರಿನವರಿಗೆ ತಿಳಿದಂತೆ ಎರಡೂ ಕಣ್ಣಿಗೆ ಪರೆ ಬಂದವರೆಂದರೆ ಇನ್ನು ವೆಶ್ಮಿ ಒಬ್ಬಳೇ. ಚಳಿಗಾಲದ ಮೊದಲ ಸಂಜೆ ಇವತ್ತು.

ಇಳಿಹೊತ್ತಿಗೆ ಊರ ಹಿರಿಯ ದುವ್ರಾನ್ ಬಂದ. ಕಂಕುಳಲ್ಲಿ ಹೋರ್ಜು ಹೊದೆಯುತ್ತಿದ್ದ ಉಣ್ಣೆಗಂಬಳಿ.

“ವೆಶ್ಮಕ್ಕಾ, ತಗೋ. ಮುದುಕನ ವಾಸನೆ ಇನ್ನೂ ಇದೆ. ಚಳಿಗಿಂತ ಅದೇ ನಿನ್ನ ಎಚ್ಚರ ಇಡುತ್ತೆ.”

“ನಿನ್ನ ವಾಸನೆಗಿಂತ ವಾಸಿ ಬಿಡೋ,” ಎಂದಳು ವೆಶ್ಮಿ.

ದುವ್ರಾನ್ ನಕ್ಕ. ಆಮೇಲೆ ನಗು ನಿಲ್ಲಿಸಿ, “ಕಣ್ಣು ತೋರ್ಸಕ್ಕಾ. ನೋಡ್ಬೇಕು ಅನ್ನೋದು ಪದ್ಧತಿ,” ಎಂದ.

ವೆಶ್ಮಿ ಎಡಗಣ್ಣನ್ನು ಅಗಲಿಸಿದಳು. ಅವನ ಉಸಿರು ಹತ್ತಿರ ಬಂತು. ಹುಳಿ ಮಜ್ಜಿಗೆ, ಹುರಿದ ಜೀರಿಗೆ.

“ಮೊಸರು ಹೆಪ್ಪಾದ ಹಾಗಿದೆ. ಚೆನ್ನಾಗಿದೆ. ಇನ್ನೊಂದು?”

“ಅದು ಬಾತುಕೊಂಡಿದೆ ದುವ್ರಾನಣ್ಣ,” ನೊರುಕಾ ನಡುವೆ ಬಂದಳು. “ಕೀವು ಸುರೀತಿದೆ. ನೋಡ್ತೀರಾ? ನೋಡಿ. ನಿಮ್ಮ ಮೊಮ್ಮಕ್ಕಳಿಗೆ ಅಂಟಿದ್ರೆ ಮಾತ್ರ ನನ್ನ ಅನ್ಬೇಡಿ.”

ಬಟ್ಟೆಯ ಗಂಟಿನ ಹತ್ತಿರ ಬಂದಿದ್ದ ದುವ್ರಾನನ ಬೆರಳುಗಳು ಅಲ್ಲೇ ನಿಂತವು.

“ಬೇಡ ಬಿಡು. ಕಲ್ಲಿನ ಮೇಲೆ ಕೂತ ಮೇಲೆ ಬಿಚ್ಚಕ್ಕಾ. ಮುಖ ಮುಚ್ಚಿಕೊಂಡವರ ಮಾತು ಅವಳು ನಂಬಲ್ಲ,” ಎಂದ ದುವ್ರಾನ್. ಹೊರಡುವವನು ತೊಟ್ಟಿಲ ಹತ್ತಿರ ನಿಂತ. “ನಿನ್ನ ನಂತರ ಯಾರು ಅಂತ ಹಿರೀರೆಲ್ಲ ಮಾತಾಡ್ತಿದ್ರು. ಉತ್ತರ ಹೇಳೋ ಮನೆಯಿಂದಲೇ ಆದ್ರೆ ಒಳ್ಳೇದು ಅಂತ. ಹಸುಗೂಸಿಗೆ ನೋವು ನೆನಪಿರಲ್ಲವಂತೆ.” ಒಂದು ಕ್ಷಣ ಬಿಟ್ಟು, “ನೀನು ಗಟ್ಟಿಯಾಗಿರೋವರೆಗೂ ಆ ಮಾತು ಯಾಕೆ, ಅಲ್ವಾ?” ಎಂದು ಹೊರಟುಹೋದ.

ನೊರುಕಾ ತೊಟ್ಟಿಲಿಗೆ ಆತು ನಿಂತವಳು ಅಲುಗಲಿಲ್ಲ.

ಹೋರ್ಜು ಒಮ್ಮೆ ಜಗಲಿಯಲ್ಲಿ ವೆಶ್ಮಿಗೆ ಮಾತ್ರ ಕೇಳುವಂತೆ ಹೇಳಿದ್ದ: “ನನ್ನ ಕಣ್ಣು ತಾನಾಗೇ ಹೋಯ್ತು ಅಂದ್ಕೊಂಡಿದೀಯಾ? ಆ ವರ್ಷ ಯಾರೂ ಇರಲಿಲ್ಲ. ನನ್ನ ತಾಯಿನೇ ಹಿಡ್ಕೊಂಡಿದ್ಲು. ಕಳ್ಳಿ ಹಾಲು ಬಿಟ್ರು.”

“ಹೇಳಿಬಿಡೋಣ ಅತ್ತೆ,” ಎಂದಳು ನೊರುಕಾ, ಉಸಿರಿನಲ್ಲಿ.

“ಹೇಳಿದ್ರೆ ಸಂಜೆಯೊಳಗೆ ಒಬ್ಬರು ಬೇಕಲ್ಲ ಅವರಿಗೆ. ನನ್ನ ಕಣ್ಣಿಗೆ ಆ ಹಾಲು ಬಿಟ್ರೆ ಬಿಡಲಿ. ನನ್ನ ನಂಬಿಕೆ ಹೋದ ಮೇಲೆ ಇದಕ್ಕೂ ಬಿಡ್ತಾರೆ.” ವೆಶ್ಮಿ ತೊಟ್ಟಿಲ ಕಡೆ ಕೈ ಮಾಡಿದಳು. “ಬಲಗಣ್ಣು ಮುಚ್ಚಿಕೊಂಡು ಕೂತ್ಕೋತೀನಿ. ಎಡದು ತೆರೆದಿರುತ್ತೆ. ಅಷ್ಟೇ ತಾನೆ?”

“ತೆಗೆಯಲ್ಲ ತಾನೆ?”

“ಮುದುಕಿಗೆ ಕಣ್ಣು ಮುಚ್ಚೋದು ಹೇಳ್ಕೊಡ್ಬೇಕೇನೆ?”

ಉತ್ತರದ ಕಲ್ಲು ಊರಿನಿಂದ ಸ್ವಲ್ಪ ಮೇಲೆ, ಗಾಳಿಗೆ ಒಡ್ಡಿಕೊಂಡಿತ್ತು. ನೊರುಕಾ ಅತ್ತೆಯನ್ನು ಅಲ್ಲಿ ಕೂರಿಸಿ, ಗಂಬಳಿ ಸುತ್ತಿ, ಕಣ್ಣಿನ ಬಟ್ಟೆ ಬಿಚ್ಚಿ, ಇಳಿದು ಓಡಿದಳು. ಅವಳ ಹೆಜ್ಜೆಯ ಸದ್ದು ಮುಗಿದ ಮೇಲೆ ಕೆಳಗೆ ಬಾಗಿಲುಗಳು ಒಂದರ ಹಿಂದೆ ಒಂದು ಹಾಕಿಕೊಂಡವು. ಮೇಕೆಗಳೂ ಸುಮ್ಮನಾದವು. ವೆಶ್ಮಿ ಬಲಗಣ್ಣನ್ನು ಹಲ್ಲು ಕಚ್ಚಿ ಮುಚ್ಚಿಕೊಂಡಿದ್ದಳು. ಎಡಗಣ್ಣಿನ ಬಿಳುಪು ಮೊದಲು ಕೆಂಪಾಯಿತು, ಆಮೇಲೆ ಬೂದಿಯಾಯಿತು.

ಮೊದಲು ದವಡೆ ಗುಂಯ್‌ಗುಟ್ಟಿತು. ಪ್ರತಿ ಚಳಿಗಾಲ ಮನೆಯೊಳಗೆ ಕೂತಾಗ ಎಲ್ಲರಿಗೂ ಆಗುವುದು ಇದೇ. ಆದರೆ ಇಲ್ಲಿ, ಮುಖವೆತ್ತಿ ಕೂತಾಗ, ಆ ಗುಂಯ್ಗುಡುವುದರೊಳಗೆ ಮಾತಿತ್ತು. ಅದು ಕಿವಿಗೆ ಬರಲಿಲ್ಲ. ಹಲ್ಲಿನ ಬೇರಿಗೆ ಬಂತು.

*ಹೋರ್ಜು ಎಲ್ಲಿ?*

ವೆಶ್ಮಿ ತೊಡೆ ಚಿವುಟಿಕೊಂಡು, “ಮಲಗಿದಾನೆ ತಾಯಿ. ನಾನು ವೆಶ್ಮಿ,” ಎಂದಳು.

*ವೆಶ್ಮಿ. ನಾನು ಹೇಗಿದ್ದೇನೆ?*

“ಚೆಂದ ಇದ್ದೀಯ ತಾಯಿ. ಗಲ್ಲ ಕೆಂಪಗಿದೆ.”

ಅಷ್ಟು ಹೇಳಿದರೆ ಸಾಕು, ಅವಳು ಸುಮ್ಮನೆ ಏಣಿನ ಆಚೆ ಸರಿಯುತ್ತಾಳೆ ಎಂದು ಹೋರ್ಜು ಹೇಳುತ್ತಿದ್ದ. ಗುಂಯ್ಗುಡುವುದು ನಿಲ್ಲಲಿಲ್ಲ.

*ಎಷ್ಟು ಚೆಂದ?*

ಕೇಳಿದ ರೀತಿ ಮಗುವಿನದು. ಮಡಿಲಿನಲ್ಲಿ ಕೂತು ಗದ್ದ ಹಿಡಿದು ತಿರುಗಿಸಿ ಕೇಳುವ ಮಗು. ವೆಶ್ಮಿ ಬಾಯಿ ತೆರೆದಳು. ಯಾವುದರ ಹಾಗೆ ಎನ್ನುವುದು? ನೋಡದವಳನ್ನು ಹೇಗೆ ಹೇಳುವುದು? ಗಾಳಿ ಕಣ್ಣಿಗೆ ಹೊಡೆಯುತ್ತಿತ್ತು, ರೆಪ್ಪೆಯ ಅಂಚಿನಲ್ಲಿ ನೀರು ತುಂಬಿತ್ತು. ಆಮೇಲೆ ಎಷ್ಟು ಯೋಚಿಸಿದರೂ ಅವಳಿಗೆ ಹೇಳಲಾಗಲಿಲ್ಲ, ಬಲಗಣ್ಣು ತಾನಾಗಿ ತೆರೆಯಿತೋ, ತಾನೇ ತೆರೆದಳೋ.

ಅರ್ಧ ಆಕಾಶದ ತುಂಬ ಬಾಗಿದವಳಿದ್ದಳು.

ಸೊಂಟ ಏಣಿನಿಂದ ಎದ್ದು ಬಂದಿತ್ತು. ಬೆನ್ನು ನೆತ್ತಿಯ ಮೇಲೆ ಕಮಾನಾಗಿ ಬಗ್ಗಿತ್ತು. ಚಾಚಿದ ತೋಳಿನ ತುದಿಯಲ್ಲಿ ಬೆರಳುಗಳು ಊರಿನ ಮಾಳಿಗೆಗಳ ಮೇಲೆ ಇಳಿಬಿದ್ದಿದ್ದವು. ಒಂದೊಂದು ನಕ್ಷತ್ರವೂ ಉಸಿರು ಹಿಡಿದವರ ಹಾಗೆ ಅಲುಗದೆ ಉರಿಯುತ್ತಿತ್ತು. ಕತ್ತಿನವರೆಗೆ ನಿಜವಾಗಿಯೂ ಚೆಂದವಿದ್ದಳು. ಕತ್ತಿನ ಮೇಲೆ ಏನೂ ಇರಲಿಲ್ಲ. ಕೂದಲಿನ ಅಂಚಿನೊಳಗೆ ಒಂದು ಚುಕ್ಕೆಯೂ ಇಲ್ಲದ ಕಪ್ಪು, ಯಾರೋ ಒದ್ದೆ ಬಟ್ಟೆಯಿಂದ ಒರೆಸಿದ ಹಾಗೆ. ಆ ಕಪ್ಪು ನಿಧಾನವಾಗಿ ವೆಶ್ಮಿಯ ಕಡೆ ತಿರುಗಿತು.

ತುಲ್ಮಾರಿನ ಜನಕ್ಕೆ ಏನಾಯಿತೆಂದು ವೆಶ್ಮಿಗೆ ಆಗ ಅರ್ಥವಾಯಿತು. ಇಲ್ಲದ್ದನ್ನು ಹುಡುಕುವವಳು ಇದ್ದವರಿಂದ ತೆಗೆದುಕೊಂಡು ಹೋಗಿದ್ದಳು. ಯಾವುದೂ ಅವಳಿಗೆ ಹೊಂದಿಕೊಂಡಿರಲಿಲ್ಲ.

ಕಣ್ಣು ಮುಚ್ಚಬೇಕೆಂದುಕೊಂಡಳು. ರೆಪ್ಪೆ ಅವಳ ಮಾತು ಕೇಳಲಿಲ್ಲ.

*ಅಲ್ಲಿ ಯಾರು?*

“ಎಲ್ಲಿ ತಾಯಿ?”

*ನಿನ್ನೊಳಗೆ. ಸಣ್ಣಗೆ. ಒಬ್ಬಳು ಬಗ್ಗಿ ನಿಂತಿದ್ದಾಳೆ.*

ಕೆಳಗೆ ಎಲ್ಲೋ, ಹಾಕಿದ ಬಾಗಿಲಿನ ಹಿಂದೆ, ಇಲೂ ಅಳುತ್ತಿದ್ದಳು. ಅಥವಾ ಬೇರೆ ಯಾವುದೋ ಮಗು.

“ಅವಳಾ? ಅವಳು... ನಮ್ಮ ಮನೆಯವಳು ತಾಯಿ.”

ನಕ್ಷತ್ರಗಳು ಹತ್ತಿರ ಬಂದವು. ಕಲ್ಲು ಬೆಚ್ಚಗಾಗತೊಡಗಿತು.

*ಪಾಪ,* ಎಂದಳು ಬಾಗಿದವಳು. *ಅವಳಿಗೆ ಮುಖವೇ ಇಲ್ಲ.*

ವೆಶ್ಮಿ ಗಂಬಳಿಯ ಅಂಚು ಹಿಡಿದುಕೊಂಡಳು.

*ಅವಳಿಗೆ ಗೊತ್ತಾ?*

“ಇಲ್ಲ ತಾಯಿ.”

*ಹೇಳಬೇಡ. ನನಗೆ ಹೇಳುವ ಹಾಗೆ ಅವಳಿಗೂ ಹೇಳು. ಗಲ್ಲ ಕೆಂಪಗಿದೆ ಅನ್ನು. ನಿಜವಾಗಿ ಇರುವವರಿಗೆ ಹೇಳಿದರೇನು, ಇಲ್ಲದವರಿಗೆ ತಾನೇ ಹೇಳಬೇಕು.* ಹಲ್ಲಿನ ಬೇರಿನಲ್ಲಿ ಗುಂಯ್ಗುಡುವುದು ಮೆತ್ತಗಾಯಿತು. *ನಾನೇ ಸಮಾಧಾನ ಮಾಡಲಾ?*

ಆಮೇಲೆ ಆದದ್ದನ್ನು ಓರ್ಸಾದಲ್ಲಿ ಯಾರ ಅಜ್ಜನೂ ಕಂಡಿರಲಿಲ್ಲ, ಕೇಳಿರಲಿಲ್ಲ. ಚಾಚಿದ ಕೈ ಅಲುಗಿತು. ಮಾಳಿಗೆಗಳ ಮೇಲಿಂದ ಬೆರಳಿನ ನಕ್ಷತ್ರಗಳು ಒಂದೊಂದಾಗಿ ಮೇಲೆದ್ದವು. ಮುಖವಿಲ್ಲದ ಬಡಪಾಯಿಯ ತಲೆ ಸವರಲು ಆ ಕೈ ವೆಶ್ಮಿಯ ಕಣ್ಣಿನ ಕಡೆಗೆ ಬಂತು.

ಮತ್ತು ನಿಂತಿತು.

*ಅವಳೂ ಎತ್ತಿದಳು,* ಎಂದಳು ಬಾಗಿದವಳು.

ಕೈ ಸ್ವಲ್ಪ ಇಳಿಯಿತು. ಸ್ವಲ್ಪ ಏರಿತು. ವೆಶ್ಮಿಗೆ ಆ ಚಲನೆ ಗೊತ್ತಿತ್ತು. ತೊಟ್ಟಿಲಿನ ಮುಂದೆ ಒಂದು ದಿನವೆಲ್ಲ ತಾನೇ ಹಾಗೆ ಮಾಡಿದ್ದಳು. ಇನ್ನೊಂದು ಸಲ ಎತ್ತಿದರೆ ಸಾಕು, ಅದು ತಾನೇ ಎಂದು ಬಾಗಿದವಳಿಗೆ ತಿಳಿದುಬಿಡುತ್ತದೆ.

ವೆಶ್ಮಿ ಬಗ್ಗಿದಳು.

ತಲೆಯನ್ನು ಮೊಣಕಾಲುಗಳ ನಡುವೆ ತೂರಿಸಿ, ಹಿಟ್ಟಿನ ಚೀಲ ಕೊಡವುವ ಹಾಗೆ ಕೊಡವಿದಳು. ಏನೂ ಆಗಲಿಲ್ಲ, ಕಲ್ಲಿನ ಬಿರುಕಿನಲ್ಲಿ ಇರುವೆಯೊಂದು ಹೋಗುತ್ತಿರುವುದು ನಕ್ಷತ್ರದ ಬೆಳಕಿನಲ್ಲಿ ಸ್ಪಷ್ಟವಾಗಿ ಕಂಡಿತು. ಅಷ್ಟು ಸ್ಪಷ್ಟವಾಗಿ ಕಂಡದ್ದೇ ಅವಳಿಗೆ ಅಳು ತರಿಸಿತು. ಮತ್ತೆ ಕೊಡವಿದಳು, ಹಣೆ ಕಲ್ಲಿಗೆ ಬಡಿಯುವ ಹಾಗೆ. ಕಣ್ಣಿನ ಹಿಂದೆ ಏನೋ ಕಿತ್ತ ಹಾಗೆ ನೋವಾಯಿತು. ಇಲೂವಿನ ಮೇಲೆದ್ದ ಹುಬ್ಬನ್ನು ನೆನೆಸಿಕೊಂಡು ಇನ್ನೂ ಒಮ್ಮೆ ಕೊಡವಿದಳು. ಕೆಳಗಿನಿಂದ ಗಂಜಿಯ ಬಿಳುಪು ತೇಲಿ ಬಂದು ಇರುವೆಯನ್ನು, ಕಲ್ಲನ್ನು, ತನ್ನ ಕೈಗಳನ್ನು ಮುಚ್ಚಿತು.

ತಲೆಯೆತ್ತಿದಳು.

*ಎಲ್ಲಿ ಹೋದಳು?*

“ಒಳಗೆ ಹೋದಳು ತಾಯಿ. ಚಳಿ ಅವಳಿಗೆ.”

*ನಾನು ಕೈ ಎತ್ತಿದೆ. ಅವಳೂ ಎತ್ತಿದಳು.*

“ನಿನ್ನ ಕಂಡು ಕೈ ಬೀಸಿದಳು ತಾಯಿ. ಸಣ್ಣವರು ಹಾಗೇ ಅಲ್ವಾ, ನಾವು ಮಾಡಿದ್ದೇ ಮಾಡ್ತಾರೆ.”

ಕಲ್ಲು ಮೆಲ್ಲಗೆ ತಣ್ಣಗಾಯಿತು. ಗಾಳಿ ಬೀಸಿತು, ಗಂಬಳಿಯ ಹೋರ್ಜುವಿನ ವಾಸನೆ ಮೂಗಿಗೆ ಬಡಿಯಿತು. ಕೊನೆಗೆ ದವಡೆಯಲ್ಲಿ, ದೂರದಿಂದ:

*ನಾಳೆ ಕರೆ ಅವಳನ್ನು.*

ಗುಂಯ್ಗುಡುವುದು ನಿಂತಾಗ ಕೆಳಗೆ ಬಾಗಿಲುಗಳು ತೆರೆದುಕೊಂಡವು. ಜನ ಪಂಜು ಹಿಡಿದು ಗದ್ದಲ ಮಾಡುತ್ತ ಬಂದರು. ದುವ್ರಾನನ ದನಿ ಎಲ್ಲರಿಗಿಂತ ಮುಂದೆ: “ವೆಶ್ಮಕ್ಕಾ! ಮುಟ್ಟಿ ನೋಡ್ಕೊಂಡ್ವಿ, ಎಲ್ಲರ ಮುಖಾನೂ ಇದ್ದ ಜಾಗದಲ್ಲೇ ಇದೆ! ನನ್ನ ಹೆಂಡ್ತಿದು ಹೋಗಿದ್ರೆ ಬೇಜಾರಿರಲಿಲ್ಲ.” ಯಾರೋ ಅವನ ಬೆನ್ನಿಗೆ ಗುದ್ದಿದರು. ಎಲ್ಲರೂ ಅಷ್ಟು ಜೋರಾಗಿ ನಕ್ಕದ್ದು ಕೇಳಿಯೇ ಎಷ್ಟು ಹೆದರಿದ್ದರೆಂದು ಗೊತ್ತಾಗುತ್ತಿತ್ತು. ವೆಶ್ಮಿಯ ಹಣೆಯಲ್ಲಿ ರಕ್ತ ಕಂಡು, “ಜಾರಿ ಬಿದ್ಯಾ?” ಎಂದ ದುವ್ರಾನ್. ಪಂಜನ್ನು ಹತ್ತಿರ ತಂದು ಅವಳ ಎರಡೂ ಕಣ್ಣು ನೋಡಿದ. “ಬಾತಿದ್ದೂ ಇಳಿದಿದೆ. ನೀನು ಗಟ್ಟಿ ಕಣಕ್ಕಾ. ಇನ್ನೂ ಎಷ್ಟೋ ಚಳಿಗಾಲ ನೀನೇ.”

ಮನೆಯಲ್ಲಿ ನೊರುಕಾ ಬಾಗಿಲು ಹಾಕಿ, ಎಣ್ಣೆ ದೀಪ ಹಚ್ಚಿ, ಅತ್ತೆಯ ಹಣೆ ಒರೆಸಿದಳು. ವೆಶ್ಮಿ ನಡೆದದ್ದನ್ನೆಲ್ಲ ಹೇಳಿದಳು. ಒರೆಸುವ ಕೈ ಮಧ್ಯೆ ಮಧ್ಯೆ ನಿಂತು ಮತ್ತೆ ಹೊರಡುತ್ತಿತ್ತು.

“ನಾಳೆ ಕರೆ ಅಂದ್ಲಾ?”

“ಅಂದ್ಲು. ನಿದ್ದೆ ಮಾಡ್ತಿದಾಳೆ ಅಂತೀನಿ. ನಾಡಿದ್ದು ಜ್ವರ ಅಂತೀನಿ. ಹೇಳೋದಕ್ಕೇನು.” ವೆಶ್ಮಿ ಕೈ ಚಾಚಿದಳು. “ಮಗು ಕೊಡು. ಹೇಗಿದಾಳೆ ಹೇಳು ಈಗ.”

“ತೊಳೆದಿಟ್ಟ ಗೆಣಸಿನ ಥರ. ಮಲಗಿದಾಳೆ. ಹುಬ್ಬು ಮಾತ್ರ ಹಾಗೇ ಎದ್ದಿದೆ.”

ವೆಶ್ಮಿ ಬೆರಳಿನಿಂದ ಆ ಹುಬ್ಬನ್ನು ಸವರಿದಳು. ಎಷ್ಟೋ ಹೊತ್ತು ಹಾಗೇ ಇದ್ದಳು. ಆಮೇಲೆ ಅವಳ ಕೈ ನಿಂತಿತು.

ಬಲಗಣ್ಣಿನ ಬಿಳುಪಿನ ಕೆಳತುದಿಯಲ್ಲಿ ಒಂದು ಬೆಳಕಿನ ಗೆರೆ ಇತ್ತು. ಬಾಗಿಲಿನ ಕೆಳಗೆ ಉಳಿದ ಸಂದಿನ ಹಾಗೆ, ಕೂದಲಿನಷ್ಟು. ದೀಪ ಅಲುಗಿದಾಗ ಅದೂ ಅಲುಗಿತು. ತಲೆಯನ್ನು ಆ ಕಡೆ ಈ ಕಡೆ ಹೊರಳಿಸಿದಳು. ಗೆರೆ ಹೋಗಲಿಲ್ಲ. ಅಥವಾ ಅದು ಹಣೆಗೆ ಪೆಟ್ಟು ಬಿದ್ದದ್ದಕ್ಕೆ ಕಾಣುವ ಮಿಂಚಿರಬಹುದು.

“ನೊರುಕಾ, ದೀಪ ಹತ್ರ ತಾ. ನನ್ನ ಬಲಗಣ್ಣು ನೋಡು. ಪೂರ್ತಿ ಬೆಳ್ಳಗಿದೆಯಾ? ಕೆಳಗಡೆ ನೋಡು. ಸರಿಯಾಗಿ ನೋಡು. ಏನಾದ್ರೂ ಹೊಳೀತಿದೆಯಾ?”

ದೀಪದ ಶಾಖ ಗಲ್ಲಕ್ಕೆ ತಾಗಿತು. ಸೊಸೆಯ ಉಸಿರು ಹತ್ತಿರ ಬಂದು, ಅಲ್ಲೇ ನಿಂತು, ಎಣ್ಣೆಬತ್ತಿ ಚಟಪಟ ಎನ್ನುವುದು ಕೇಳಿಸುವಷ್ಟು ಹೊತ್ತು ಹಾಗೇ ಇತ್ತು.

“ಪೂರ್ತಿ ಬೆಳ್ಳಗಿದೆ ಅತ್ತೆ,” ಎಂದಳು ನೊರುಕಾ. ಬೆಳಗಿನ ಹೊತ್ತು ಮುಖ ಹೇಳುವಾಗಿನ ಅದೇ ದನಿ. “ಹಾಲಿನ ಹಾಗಿದೆ. ಏನೂ ಇಲ್ಲ. ಗಲ್ಲ ಕೂಡ ಕೆಂಪಗಿದೆ ನೋಡಿ.”